ಕೆಂಪಕ್ಕನ ದಿಬ್ಬ

ನಮ್ಮ ದಿಬ್ಬದ ಮಣ್ಣು ತೆಗೆಯುವುದಕ್ಕೆ ಪರ್ಮಿಷನ್ ಬಂತು. ಇವತ್ತು ಬೆಳಗ್ಗೆ ಬಂತು. ಕೆಂಗೇರಿಯಾಚೆ ಇರುವ ನಮ್ಮದೇ ಜಾಗದ ಮಣ್ಣನ್ನು ಹೊರಗೆ ಸಾಗಿಸಿ ಮನೆ ಕಟ್ಟಿಕೊಳ್ಳಬಹುದು ಎಂದು ಸರ್ಕಾರವೇ ಬರೆದುಕೊಟ್ಟಿದೆ. ನಾನು ಓದಿದ್ದು ಮೂರನೇ ಕ್ಲಾಸು. ಮಗ ತಂದ ಕಾಗದವನ್ನು ಮೊಮ್ಮಗಳು ಸಿರಿ ಓದಿ ಹೇಳಿದಳು. ಸಾಲದೆಂದು ಮತ್ತೆ ಓದಿಸಿದೆ. ಅಷ್ಟರಲ್ಲಿ ಒಲೆಯ ಮೇಲಿನ ಹಾಲು ಉಕ್ಕಿ ನೆಲಕ್ಕೆಲ್ಲ ಹರಿದಿತ್ತು. ಹರಿಯಲಿ ಬಿಡಿ, ಗೃಹಪ್ರವೇಶಕ್ಕೆ ಉಕ್ಕಿಸಬೇಕಾದ ಹಾಲು ಸ್ವಲ್ಪ ಬೇಗ ಉಕ್ಕಿತು.

ಈ ಸುದ್ದಿಯನ್ನು ಮೊದಲು ಹೇಳಬೇಕಾಗಿದ್ದದ್ದು ಕೆಂಪಕ್ಕನಿಗೆ. ಕೆಂಪಕ್ಕ ನನ್ನ ಓರಗಿತ್ತಿ, ನಮ್ಮ ಯಜಮಾನರ ಅಣ್ಣನ ಹೆಂಡತಿ. ಅವರ ಗಂಟಲು ಅಂಥಿಂಥದ್ದಲ್ಲ. ಎದುರಿಗೆ ಕೂತವರ ಹತ್ತಿರವೂ, ಆಚೆ ಹೊಲದ ಬದುವಿನಲ್ಲಿ ನಿಂತವರನ್ನು ಕರೆದ ಹಾಗೇ ಮಾತು. ಅತ್ತಿಗುಪ್ಪೆಯ ನಮ್ಮ ಬಾಡಿಗೆ ಮನೆಯ ಹತ್ತಿರದಲ್ಲೇ ಮೆಟ್ರೋ ಹೋಗುತ್ತದೆ. ರೈಲು ಬಂದರೆ ನಾವೆಲ್ಲ ಮಾತು ನಿಲ್ಲಿಸುತ್ತಿದ್ದೆವು, ಕೆಂಪಕ್ಕ ನಿಲ್ಲಿಸುತ್ತಿರಲಿಲ್ಲ. ರೈಲೇ ಸೋತು ಮುಂದಕ್ಕೆ ಹೋಗುತ್ತಿತ್ತು.

ಓರಗಿತ್ತಿಯರೆಂದರೆ ಜಗಳ ಅನ್ನುತ್ತಾರೆ. ನಾವೂ ಆಡಿದ್ದೇವೆ, ಸಾರಿನ ಉಪ್ಪಿಗೆ, ನಲ್ಲಿ ನೀರಿಗೆ. ಆದರೆ ಇಬ್ಬರ ಗಂಡಂದಿರೂ ಹೋದ ಮೇಲೆ ನಮಗೆ ಉಳಿದದ್ದು ಒಂದೇ ಆಸೆ. ನನ್ನ ಮಗ ಲಗ್ಗೆರೆಯಲ್ಲಿ, ಅವರ ಮಗಳು ನಂದಿನಿ ಲೇಔಟಿನಲ್ಲಿ, ನಾವಿಬ್ಬರು ಇಲ್ಲಿ. ಹೀಗೆ ಬಾಡಿಗೆ ಮನೆಗಳಿಗೆ ಹಂಚಿಹೋದ ಸಂಸಾರ ಒಂದೇ ಸೂರಿನಡಿ ಸೇರಬೇಕು. ಜಾಗವೇನೋ ಇತ್ತು. ಅದರ ತುಂಬ ಆಳೆತ್ತರ ಮೀರಿದ ದಿಬ್ಬವೂ ಇತ್ತು.

ಲಾರಿಯವನೊಬ್ಬ ಬಂದು ನೋಡಿದ. ಪರ್ಮಿಷನ್ ಅಂತ ಅಲೆದರೆ ವರ್ಷವಾಗುತ್ತದೆ, ಒಂದೆರಡು ರಾತ್ರಿ ಬಿಟ್ಟುಕೊಟ್ಟರೆ ದಿಬ್ಬವೇ ಇರುವುದಿಲ್ಲ ಅಂದ. ನನ್ನ ಮಗ ಹೂಂ ಅನ್ನುವುದರಲ್ಲಿದ್ದ. ನಿಜ ಹೇಳಬೇಕೆಂದರೆ ನನಗೂ ಸರಿಯೆನ್ನಿಸಿತ್ತು. ಕೆಂಪಕ್ಕ ಸೆರಗು ಸಿಕ್ಕಿಸಿಕೊಂಡು ದಿಬ್ಬಕ್ಕೆ ಅಡ್ಡ ನಿಂತರು.

"ನಮ್ ಮಣ್ಣು ನಾವ್ಯಾಕಪ್ಪ ಕದೀಬೇಕು?"

"ಎಲ್ರೂ ಹಂಗೇ ಮಾಡೋದು ಆಂಟಿ."

"ಮಾಡ್ಲಿ. ನಾಳೆ ಯಾರಾದ್ರೂ ಬಂದು ತಡುದ್ರೆ, ಅರ್ಧ ಅಗೆದಿರೋ ಗುಂಡೀಲಿ ನೀನ್ ಬಂದ್ ಸಂಸಾರ ಮಾಡ್ತೀಯಾ?"

ಲಾರಿಯವನು ನಕ್ಕು ಹೊರಟುಹೋದ.

ಮಾರನೆಯ ದಿನವೇ ಪರ್ಮಿಷನ್ ಕೊಡುವ ಸರ್ಕಾರಿ ಆಫೀಸಿಗೆ ಹೊರಟೆವು. ಬಾಗಿಲಲ್ಲಿ ಕೆಂಪಕ್ಕ ಚಪ್ಪಲಿ ಬಿಟ್ಟರು. ಇದೇನು ದೇವಸ್ಥಾನವೇ ಅಂತ ರೇಗಿಸಿದ್ದಕ್ಕೆ, "ಕೇಳೋಕ್ ಬಂದಿರೋ ಕಡೆ ಕಾಲು ನೆಲಕ್ಕೆ ತಾಕ್ಬೇಕು ಕಣೇ" ಅಂದರು. ಒಳಗೆ ಹೋಗಿ ಸಾಹೇಬರ ಮುಂದೆ ಕೈಮುಗಿದು, ತಮ್ಮ ಎಂದಿನ ಗಂಟಲಿನಲ್ಲೇ ಹೇಳಿದರು.

"ಮಣ್ಣಿಗೆ ಬಂದಿದೀವಿ ಸ್ವಾಮಿ."

ಮಣ್ಣಿಗೆ ಬರುವುದೆಂದರೆ ನಮ್ಮ ಕಡೆ ಹೆಣ ಹೂಳುವುದಕ್ಕೆ ಬರುವುದಲ್ಲವೇ. ಸಾಹೇಬರು ಪೆನ್ನು ಕೆಳಗಿಟ್ಟರು.

"ಕೂತ್ಕೊಳಮ್ಮ. ಯಾರು ಹೋಗಿದ್ದು?"

"ಇನ್ನೂ ಹೋಗಿಲ್ಲ ಸ್ವಾಮಿ. ನೀವು ಪರ್ಮಿಷನ್ ಕೊಟ್ರೆ ಹೋಗುತ್ತೆ."

"ಏನಮ್ಮ ಹಿಂಗಂತೀಯ? ವಯಸ್ಸೆಷ್ಟು?"

"ನಮ್ ಮಾವನೋರು ಹುಟ್ಟೋಕ್ ಮುಂಚಿಂದ್ಲೂ ಇದೆ."

ಆಮೇಲೆ ನಾನೇ ಅವರ ಸೆರಗು ಜಗ್ಗಿ, ದಿಬ್ಬ ಸಾರ್, ಮನೆ ಕಟ್ಟುವ ಜಾಗದ ದಿಬ್ಬ ಅಂದೆ. ಇಡೀ ಆಫೀಸು ನಕ್ಕಿತು. ಎಲ್ಲರಿಗಿಂತ ಜೋರಾಗಿ ನಕ್ಕವರು ಕೆಂಪಕ್ಕನೇ. ಆದರೆ ಆ ನಗುವಿನಿಂದ ಕೆಲಸವಾಯಿತು. ಸಾಹೇಬರು ನಮ್ಮನ್ನು ಕೂರಿಸಿಕೊಂಡು, ಮಣ್ಣು ಹೊರಗೆ ಸಾಗಿಸುವುದಾದರೆ ಅರ್ಜಿಗೆ ಏನೇನು ಇಡಬೇಕು, ಜಾಗ ನೋಡಲು ಯಾರು ಬರುತ್ತಾರೆ, ಎಲ್ಲ ಬಿಡಿಸಿ ಹೇಳಿದರು.

ಜಾಗ ನೋಡಲು ಬಂದವರನ್ನು ಕೆಂಪಕ್ಕ ದಿಬ್ಬ ಹತ್ತಿಸಿ, ಅದರ ನೆತ್ತಿಯ ಮೇಲೆ ಮಜ್ಜಿಗೆ ಕೊಟ್ಟರು. ಕಾಗದದ ಮೇಲೆ ನೋಡಿದರೆ ಎತ್ತರ ಗೊತ್ತಾಗುವುದಿಲ್ಲ, ಏದುಸಿರು ಬಂದರೆ ಗೊತ್ತಾಗುತ್ತದೆ ಎನ್ನುವುದು ಅವರ ವಾದ.

ಹೋದ ಚಳಿಗಾಲದಲ್ಲಿ ಅವರಿಗೆ ಎದೆನೋವು ಬಂತು. ಆಸ್ಪತ್ರೆಯ ಮಂಚದ ಮೇಲೆ ಆ ಗಂಟಲು ಸಣ್ಣಗಾಗಿತ್ತು. ಅವರ ಮಾತು ಕೇಳುವುದಕ್ಕೆ ಬಗ್ಗಿದ್ದು ಅದೇ ಮೊದಲು.

"ಬಂತೇನೇ ಜಯಾ?"

"ಬರುತ್ತೆ ಅಕ್ಕ."

"ತಡ ಆದ್ರೂ ಆಗ್ಲಿ. ಹಗಲಲ್ಲೇ ಎತ್ತಿ. ನಾಲ್ಕು ಜನ ನೋಡ್ಲಿ."

ಆ ವಾರವೇ ಹೋದರು. ಊರಿನಲ್ಲಿ, ಭಾವನವರ ಪಕ್ಕದಲ್ಲಿ ಮಣ್ಣು ಮಾಡಿದೆವು.

ಇವತ್ತು ಸಂಜೆ ಎಲ್ಲರೂ ಜಾಗದಲ್ಲಿ ಸೇರಿದೆವು. ಲಗ್ಗೆರೆಯವರು ಮುದ್ದೆ ತಂದರು, ನಂದಿನಿ ಲೇಔಟಿನವರು ಕೋಳಿ ಸಾರು ತಂದರು. ಬೆಳಗಾದರೆ ಜೆಸಿಬಿ ಬರುತ್ತದೆ, ಅದಕ್ಕೇ ದಿಬ್ಬದ ನೆತ್ತಿಯ ಮೇಲೆ ಚಾಪೆ ಹಾಸಿ ಕೂತೆವು. ಕೆಂಪಕ್ಕನ ಮಗಳು ಬಡಿಸಿದಳು. ಯಾರಿಗೆ ಸಾರು, ಯಾರಿಗೆ ಮುದ್ದೆ ಎಂದು ಮೆಲ್ಲಗೆ ಕೇಳುತ್ತ ಬಂದು, ನನ್ನ ತಟ್ಟೆಗೆ ಮಾತ್ರ ಕೇಳದೆಯೇ ಎರಡನ್ನೂ ಹಾಕಿದಳು. ನಾನು ಅವಳ ಕೈ ಹಿಡಿದು ಪಕ್ಕದಲ್ಲೇ ಕೂರಿಸಿಕೊಂಡೆ.

ಸಿರಿ ಕೆಳಗಿನ ರಸ್ತೆಯನ್ನೇ ನೋಡುತ್ತಿದ್ದಳು. ಮನೆ ರಸ್ತೆಯ ಮಟ್ಟದಿಂದ ಏಳುತ್ತದಾ ಅಂತ ಕೇಳಿದಳು. ಹೌದು ಅಂದೆ.

"ಹಂಗಾದ್ರೆ ಅಜ್ಜಿ, ನಾವೀಗ ಕೂತಿರೋದು ಮಹಡಿ ಮೇಲಾ?"

"ಹೂಂ ಕಣೇ. ಮಹಡಿ ಮೇಲೇ. ಸರಿಯಾಗ್ ಕೂತ್ಕೊಂಡು ಉಣ್ಣು, ಬಿದ್ದೀಯ."