ಓರೆಬೆಳಕು ಒಯ್ದ ಹೊಲಿಗೆ ಮಷೀನು

ಕೊರಳಲ್ಲಿ ಅಳತೆಯ ಟೇಪಿಲ್ಲದ ಟೇಪಕ್ಕನನ್ನು ಆ ಊರಿನಲ್ಲಿ ಯಾರೂ ಕಂಡಿಲ್ಲ. ನಿದ್ದೆಯಲ್ಲೂ ತೆಗೆಯುವುದಿಲ್ಲ ಎಂದು ಗಿರಾಕಿಗಳು ನಗುತ್ತಾರೆ. ಇಪ್ಪತ್ತೆರಡು ವರ್ಷಗಳಿಂದ ಅವಳು ಬಟ್ಟೆ ಹೊಲಿಯುವುದು ತನ್ನ ಮನೆಯಲ್ಲಲ್ಲ, ಟೀಚರಮ್ಮನ ಅಡುಗೆಮನೆಯಲ್ಲಿ. ಅದೇಕೆ ಎಂದು ಹೊಸಬರು ಯಾರಾದರೂ ಕೇಳಿದರೆ ಕತ್ತರಿ ಕೆಳಗಿಟ್ಟು ಮೊದಲಿಂದ ಹೇಳುತ್ತಾಳೆ. ಗುಂಡಿ ಹಾಕಿಸಲು ಬಂದವರು ಕತೆ ಮುಗಿಯುವ ತನಕ ಮನೆ ಸೇರುವ ಹಾಗಿಲ್ಲ.

ಆ ಊರಿಗೆ ಓರೆಬೆಳಕು ಬರುತ್ತದೆ. ಎರಡು ವರ್ಷಕ್ಕೋ ಐದು ವರ್ಷಕ್ಕೋ, ಅದರ ಮರ್ಜಿ. ಮಧ್ಯಾಹ್ನ ಇಳಿಯುವ ಹೊತ್ತಿಗೆ ಇದ್ದಕ್ಕಿದ್ದಂತೆ ನೆರಳುಗಳೆಲ್ಲ ತಿರುಗಿ ಸೂರ್ಯನ ಕಡೆಗೇ ಬೀಳತೊಡಗುತ್ತವೆ. ಗೋಡೆಗಳು ಒಣಹಾಕಿದ ಬಟ್ಟೆಯ ಹಾಗೆ ಅಲುಗುತ್ತವೆ. ಹಾಲು ಉಕ್ಕುವಷ್ಟು ಹೊತ್ತು, ಅಷ್ಟೇ. ಬೆಳಕು ಹೋದ ಮೇಲೆ ನೋಡಿದರೆ ಮನೆಯ ಒಂದೆರಡು ಸಾಮಾನು ಇನ್ಯಾರದೋ ಮನೆಯಲ್ಲಿ ಹೋಗಿ ಕೂತಿರುತ್ತವೆ. ಕೈಯಲ್ಲಿ ಹಿಡಿದದ್ದನ್ನು ಮಾತ್ರ ಅದು ಮುಟ್ಟುವುದಿಲ್ಲ. ಹಾಗಾಗಿ ನೆರಳು ತಿರುಗಿತೆಂದರೆ ಊರಿಗೆ ಊರೇ ತನ್ನ ತನ್ನ ಸಾಮಾನು ಹಿಡಿದು ನಿಂತುಬಿಡುತ್ತದೆ. ಬೆಳಕು ತಂದಿಟ್ಟದ್ದು ಆ ಮನೆಯದು, ಕೇಳುವ ಹಾಗಿಲ್ಲ, ಕೊಡುವ ಹಾಗಿಲ್ಲ ಎಂಬುದು ಅಲ್ಲಿನ ಕಟ್ಟಳೆ. ಹಿಂದೊಮ್ಮೆ ಯಾರೋ ಹಟಮಾಡಿ ಒಂದು ಮೇಜನ್ನು ವಾಪಸು ಕೊಟ್ಟರಂತೆ. ಮುಂದಿನ ಸಲ ಎರಡೂ ಮನೆಯ ಮೆಟ್ಟಿಲುಗಳೇ ಹೋದವಂತೆ.

ಗಂಡ ತೀರಿಕೊಂಡ ಮೇಲೆ ಟೇಪಕ್ಕ ಒಂದು ಹೊಲಿಗೆ ಮಷೀನು ಹೊತ್ತುಕೊಂಡು ಆ ಊರಿಗೆ ಬಂದವಳು. ಹೊಟ್ಟೆಪಾಡಿಗೆ ಅದೊಂದೇ ದಿಕ್ಕು. ಬಂದ ವರ್ಷವೇ ನೆರಳು ತಿರುಗಿತು. ಆಗ ಅವಳ ಮಡಿಲಲ್ಲಿ ಗಿರಾಕಿಗಳ ಎರಡು ಕೋಟುಗಳಿದ್ದವು. ಬೇರೆಯವರ ಬಟ್ಟೆ, ಕಳೆದರೆ ಏನು ಉತ್ತರ ಕೊಡಲಿ ಎಂದು ಎರಡೂ ಕೈಯಲ್ಲಿ ಅವನ್ನೇ ಅವಚಿಕೊಂಡಳು. ದರ್ಜಿ ಕೆಲಸದವರಲ್ಲದೆ ಬೇರಾರೂ ಇಂಥ ಪೆದ್ದುತನ ಮಾಡಲಾರರು. ಬೆಳಕು ಹೋದಾಗ ಕೋಟುಗಳಿದ್ದವು, ಮಷೀನು ಇರಲಿಲ್ಲ.

ಮಷೀನು ಟೀಚರಮ್ಮನ ಒಲೆಯ ಪಕ್ಕ ಕೂತಿದೆ ಎಂದು ಮೂರನೆಯ ದಿನ ಸುದ್ದಿ ಬಂತು. ಟೀಚರಮ್ಮ ಎಂದರೆ ಊರಿಗೇ ಹೆದರಿಕೆ. ಒಂಟಿ ಹೆಂಗಸು, ಮೂಗಿನ ತುದಿಯಲ್ಲೇ ಕೋಪ. ಟೇಪಕ್ಕ ಅವರ ಬಾಗಿಲಲ್ಲಿ ನಿಂತಳು. ಕೇಳುವ ಹಾಗಿಲ್ಲವಲ್ಲ, ಬಾಯಿಗೆ ಬಂದದ್ದನ್ನು ಹೇಳಿದಳು.

"ಅದಕ್ಕೆ ಎಣ್ಣೆ ಬಿಡ್ಬೇಕಿತ್ತು ಟೀಚರಮ್ಮ. ಇಲ್ಲಾಂದ್ರೆ ತುಕ್ಕು ಹಿಡಿಯುತ್ತೆ."

ಟೀಚರಮ್ಮ ಕನ್ನಡಕದ ಮೇಲಿಂದ ನೋಡಿದರು. "ಮಷೀನು ಈಗ ನಂದು, ಗೊತ್ತು ತಾನೆ?"

"ಗೊತ್ತು."

"ನನಗೆ ಸೂಜಿಗೆ ದಾರ ಪೋಣಿಸೋಕೂ ಬರಲ್ಲ. ಸುಮ್ನೆ ಬಿಟ್ರೆ ನನ್ನ ಮಷೀನು ಹಾಳಾಗುತ್ತೆ. ದಿನಾ ಬಂದು ನಡೆಸು. ಒಂಬತ್ತಕ್ಕೆ ಅಂದ್ರೆ ಒಂಬತ್ತಕ್ಕೆ ಬರ್ಬೇಕು!"

ಅಂದಿನಿಂದ ಅವಳ ಅನ್ನಕ್ಕೆ ದಾರಿಯಾಯಿತು. ಟೀಚರಮ್ಮ ಒಂದು ದಿನವೂ ಅದನ್ನು ಉಪಕಾರ ಎನ್ನಲಿಲ್ಲ, ನನ್ನ ಮಷೀನು ಎಂದೇ ಗದರುತ್ತಿದ್ದರು. ಮಷೀನಿನ ಎದುರು ಗೋಡೆಯಲ್ಲಿ ಟೀಚರಮ್ಮನ ತೀರಿಹೋದ ಯಜಮಾನರ ಫೋಟೋ ಇತ್ತು. ಅವರ ಫೋಟೋ ಎಂದು ಇದ್ದದ್ದು ಅದೊಂದೇ. ಅದರಲ್ಲಿ ಅವರು ಕೋಟಿನ ಎರಡನೆಯ ಗುಂಡಿಯನ್ನು ಮೂರನೆಯ ಕಾಜಾಕ್ಕೆ ಹಾಕಿಕೊಂಡಿದ್ದರು. ಸರಿಮಾಡಬೇಕೆಂದು ಟೇಪಕ್ಕನ ಕೈ ದಿನಾ ತುರಿಸುತ್ತಿತ್ತು.

ಮೂರು ವರ್ಷದ ಮೇಲೆ ಮತ್ತೆ ನೆರಳು ತಿರುಗಿದಾಗ ಟೇಪಕ್ಕ ಬಟ್ಟೆ ಕೊಡಲು ಊರಿನ ಆಚೆ ತುದಿಗೆ ಹೋಗಿದ್ದಳು. ಮಷೀನು ಎಂದರೆ ಎರಡು ಭಾಗ, ತಲೆ ಬೇರೆ, ಸ್ಟ್ಯಾಂಡು ಬೇರೆ. ಎರಡು ಕೈಯೂ ಬೇಕು. ಮುದುಕಿಗೇನು ಹಣೆಬರಹ ಅದನ್ನು ಹಿಡಿಯಲು ಎಂದುಕೊಳ್ಳುತ್ತ, ಅಲುಗುವ ಗೋಡೆಗಳ ನಡುವೆ ಬಿದ್ದು ಎದ್ದು ಓಡಿ ಬಂದಳು. ಟೀಚರಮ್ಮ ಒಂದು ಕೈಯಲ್ಲಿ ತಲೆ, ಇನ್ನೊಂದರಲ್ಲಿ ಸ್ಟ್ಯಾಂಡು ಹಿಡಿದು ಬೆವರುತ್ತ ಕೂತಿದ್ದರು. ಎದುರು ಗೋಡೆಯಲ್ಲಿ ಬರೀ ಮೊಳೆ ಇತ್ತು.

"ಅಯ್ಯೋ, ಫೋಟೋ ಹಿಡ್ಕೋಬಾರ್ದಿತ್ತಾ!" ಟೇಪಕ್ಕ ಅಲ್ಲೇ ಕುಸಿದಳು.

"ಅವರ ಮುಖ ನನಗೆ ಬಾಯಿಪಾಠ ಕಣೇ. ನಿನಗೆ ಹೊಲಿಗೆ ಬಿಟ್ಟು ಇನ್ನೇನು ಬರುತ್ತೆ? ಅಳೋದು ಸಾಕು, ನನ್ನ ಕೈ ಬಿಡಿಸು. ಮರಗಟ್ಟಿದೆ."

ಆ ಬೆರಳುಗಳನ್ನು ಒಂದೊಂದಾಗಿ ಬಿಡಿಸಿದ್ದನ್ನು ಟೇಪಕ್ಕ ಇವತ್ತಿಗೂ ಮರೆತಿಲ್ಲ. ಹೆತ್ತವಳು ಕೂಡ ತನಗೆ ಇಷ್ಟು ಮಾಡಿರಲಿಲ್ಲ ಎನ್ನುತ್ತಾಳೆ. ಆಮೇಲೆ ಅಳತೆ ತೆಗೆಯಲು ಹೋದ ಮನೆಯಲ್ಲೆಲ್ಲ ಅವಳ ಕಣ್ಣು ಮೊದಲು ಗೋಡೆಯ ಮೇಲೆ. ತೋಳಿನಳತೆ ಸೊಂಟಕ್ಕೆ ಬರೆದು ಎಷ್ಟು ಅಂಗಿ ಕೆಡಿಸಿದಳೋ! ಹತ್ತೊಂಬತ್ತು ವರ್ಷ ಹೀಗೇ ಕಳೆಯಿತು.

ಹೋದ ತಿಂಗಳು ಬೇಕರಿಯವನ ಹೆಂಡತಿಗೆ ಅಳತೆ ತೆಗೆಯುವಾಗ ಅವರ ಒಳಕೋಣೆಯ ಗೋಡೆಯಲ್ಲಿ ಆ ತಪ್ಪು ಗುಂಡಿ ಕಂಡಿತು. ಟೇಪಕ್ಕ ಅಳತೆ ಮುಗಿಸಿ ಟೇಪು ಸುತ್ತಿಕೊಂಡು ಬಂದಳು. ಮಾರನೆಯ ದಿನ ಟೀಚರಮ್ಮನ ಕೈಗೆ ಒಂದು ಮೆತ್ತನೆಯ ಬಟ್ಟೆ ಕೊಟ್ಟು, ದಾರಿಯುದ್ದಕ್ಕೂ ಬೈಸಿಕೊಳ್ಳುತ್ತ, ಆ ಮನೆಗೆ ನಡೆಸಿಕೊಂಡು ಹೋದಳು.

ಬಾಗಿಲಿನಿಂದಲೇ ಫೋಟೋ ಕಂಡಿತು. ಟೀಚರಮ್ಮ ಕನ್ನಡಕ ತೆಗೆದು ಸೆರಗಿನಲ್ಲಿ ಒರೆಸಿ ಮತ್ತೆ ಹಾಕಿಕೊಂಡರು.

"ಆ ಫೋಟೋದ ಗಾಜು ಒರೆಸ್ಬೇಕಿತ್ತು ಅಕ್ಕ," ಎಂದಳು ಟೇಪಕ್ಕ. "ಧೂಳು ಕೂತ್ರೆ ಹಾಳಾಗುತ್ತೆ. ನಮ್ಮ ಟೀಚರಮ್ಮ ಚೆನ್ನಾಗಿ ಒರೆಸ್ತಾರೆ."

ಬೇಕರಿಯವನ ಹೆಂಡತಿ ಒಮ್ಮೆ ಫೋಟೋವನ್ನು, ಒಮ್ಮೆ ಮುದುಕಿಯ ಕೈಲಿದ್ದ ಬಟ್ಟೆಯನ್ನು ನೋಡಿದಳು. ಒಳಗಿನಿಂದ ಕುರ್ಚಿ ತಂದು ಫೋಟೋದ ಕೆಳಗೆ ಹಾಕಿದಳು.

"ದಿನಾ ಬನ್ನಿ ಟೀಚರಮ್ಮ. ಅದು ನನ್ನ ಕೈಗೆ ಎಟಕೋದೇ ಇಲ್ಲ ನೋಡಿ."

ಟೇಪಕ್ಕನ ಕಣ್ಣು ತುಂಬಿ ಬಂತು. ಹಿಂದಿನ ದಿನವಷ್ಟೇ ಅಳತೆ ತೆಗೆದವಳು ತಾನೇ ಅಲ್ಲವೇ, ಆ ಊರಿನಲ್ಲಿ ಬೇಕರಿಯವನ ಹೆಂಡತಿಯಷ್ಟು ಎತ್ತರದ ಹೆಂಗಸು ಇನ್ನೊಬ್ಬಳಿರಲಿಲ್ಲ.