ಇಟ್ಟಿಗೆ ನಿಲ್ಲುವ ಗಳಿಗೆ

ಕಟ್ಟಡದ ಕೆಲಸದವರೆಲ್ಲ ಅವಳನ್ನು ಇಟ್ಟಿಗೆಯಕ್ಕ ಎನ್ನುತ್ತಿದ್ದರು. ಮೂವತ್ತು ವರ್ಷದಿಂದ ಅವಳದು ಒಂದೇ ಕೆಲಸ. ನೆಲದ ಮೇಲೆ ಕಾಲಗಲಿಸಿ ನಿಂತು, ಇಟ್ಟಿಗೆಯನ್ನು ಮೊಣಕಾಲ ಹತ್ತಿರದಿಂದ ಎರಡೂ ಕೈಯಲ್ಲಿ ತೂಗಿ ಮೇಲಕ್ಕೆ ಬಿಡುವುದು. ಎರಡಾಳೆತ್ತರದ ಹಲಗೆಯ ಮೇಲೆ ನಿಂತವರು ಅದನ್ನು ಹಿಡಿದು ಗಾರೆಯವನ ಪಕ್ಕಕ್ಕೆ ಜೋಡಿಸುತ್ತಿದ್ದರು.

ನೋಡುವವರಿಗೆ ಅದು ತೋಳಿನ ಕೆಲಸ. ಅವಳಿಗೆ ಗೊತ್ತಿತ್ತು, ಕೈಬಿಟ್ಟ ಇಟ್ಟಿಗೆ ಏರುತ್ತ ಏರುತ್ತ ಸೋಲುತ್ತದೆ, ಒಂದು ಕಡೆ ರೆಪ್ಪೆ ಬಡಿಯುವಷ್ಟು ಹೊತ್ತು ನಿಲ್ಲುತ್ತದೆ, ಆಮೇಲೆ ಇಳಿಯುತ್ತದೆ. ಆ ನಿಲ್ಲುವ ಗಳಿಗೆ ಹಿಡಿಯುವವರ ಎದೆಯ ಮುಂದೆ ಬರಬೇಕು. ಆಗ ಅದು ಕಪಾಟಿನಿಂದ ಡಬ್ಬಿ ತೆಗೆದುಕೊಂಡಷ್ಟು ಹಗುರ. ಅದಕ್ಕಿಂತ ಕೆಳಗೆ ಕೈ ಹಾಕಿದರೆ ಇಟ್ಟಿಗೆ ಇನ್ನೂ ಓಡುತ್ತಿರುತ್ತದೆ, ಬೆರಳು ಮುರಿಯುತ್ತದೆ. ಹಿಡಿಯದೆ ಬಿಟ್ಟರೆ ಹೋದಷ್ಟೇ ವೇಗದಲ್ಲಿ ವಾಪಸ್ಸು ಬರುತ್ತದೆ. ಅದಕ್ಕೇ ಅವಳು ನೆಟ್ಟಗೆ ಎಸೆಯುತ್ತಿರಲಿಲ್ಲ, ಗೋಡೆಯ ಕಡೆಗೆ ಒಂದಿಷ್ಟು ಓರೆ ಕೊಡುತ್ತಿದ್ದಳು. ತಪ್ಪಿದ ಇಟ್ಟಿಗೆ ಕಮಾನಿನ ಹಾಗೆ ಬಾಗಿ ಅವಳ ತಲೆಯಿಂದಾಚೆ ಬೀಳುತ್ತಿತ್ತು.

ಹನ್ನೆರಡು ವರ್ಷದ ಹಿಂದೆ ಒಂದು ಇಟ್ಟಿಗೆ ಮೇಲಿದ್ದ ನಾದಿನಿಯ ದವಡೆಗೆ ಬಡಿದು ಎರಡು ಹಲ್ಲು ಹೋದವು. ಜೋರಾಗಿ ಎಸೆದುಬಿಟ್ಟೆ ಎಂದು ಇಟ್ಟಿಗೆಯಕ್ಕ ಅತ್ತಳು. ಅಲ್ಲ ಎಂದು ಯಾರೂ ಹೇಳಲಿಲ್ಲ. ನಾದಿನಿ ಮತ್ತೆ ಹಲಗೆ ಹತ್ತಲಿಲ್ಲ, ಕೆಳಗೇ ಗಾರೆ ಕಲಸುತ್ತ ಉಳಿದಳು. “ನಮ್ಮತ್ತಿಗೆ ಯಾಕಿಷ್ಟು ಗಟ್ಟಿ ಗೊತ್ತಾ? ನನ್ನ ಹಲ್ಲೂ ಸೇರಿಸಿ ಅಗೀತಾಳೆ,” ಎಂದು ಬಂದವರಿಗೆಲ್ಲ ಬಾಯಿ ತೆರೆದು ತೋರಿಸುತ್ತಿದ್ದಳು.

ಈಗ ಹಲಗೆಯ ಮೇಲೆ ಬಂದು ನಿಂತದ್ದು ಇಟ್ಟಿಗೆಯಕ್ಕನ ಮಗಳು. ಬಂದು ಮೂರು ದಿನವಾಗಿತ್ತು. ಮೂರು ದಿನವೂ ತಾಯಿಗೆ ಅನ್ನ ಸೇರಿರಲಿಲ್ಲ. ಇಟ್ಟಿಗೆ ಎತ್ತಿದಾಗೆಲ್ಲ ಮಗಳ ಮುಖದ ಜಾಗದಲ್ಲಿ ನಾದಿನಿಯ ರಕ್ತದ ಬಾಯಿ ಕಾಣುತ್ತಿತ್ತು. ಕೈ ತಾನಾಗಿ ಸ್ವಲ್ಪ ಬಲ ಹಿಡಿದಿಟ್ಟುಕೊಳ್ಳುತ್ತಿತ್ತು. ಇಟ್ಟಿಗೆ ಮಗಳ ಮೊಣಕಾಲಿನ ಮಟ್ಟಕ್ಕೇ ಹೋಗಿ ನಿಲ್ಲುತ್ತಿತ್ತು, ಅವಳು ಬಗ್ಗಿ ಹೆಕ್ಕಿಕೊಳ್ಳುತ್ತಿದ್ದಳು. ಮುಖಕ್ಕೆ ದೂರವಿದೆಯಲ್ಲ, ಅಷ್ಟು ಸಾಕು ಎಂದುಕೊಂಡಳು ತಾಯಿ.

“ಏನಕ್ಕ, ಇಟ್ಟಿಗೆಗೂ ವಯಸ್ಸಾಯ್ತಾ? ಮೆಟ್ಟಿಲು ಹತ್ತೋಕೆ ಆಗ್ತಿಲ್ಲ ಅದಕ್ಕೆ,” ಎಂದು ಗಾರೆಯವನು ಮೇಲಿನಿಂದ ಚುಚ್ಚಿದ.

“ನೀನು ಗೋಡೆ ನೋಡ್ಕೊಳಪ್ಪ,” ಎಂದಳು ಅವಳು.

ಮೂರನೆಯ ದಿನ ಹತ್ತು ಗಂಟೆಯ ಹೊತ್ತಿಗೆ ಒಂದು ಇಟ್ಟಿಗೆ ಹಲಗೆಯ ಅಂಚಿಗಿಂತಲೂ ಕೆಳಗೆ ನಿಂತುಬಿಟ್ಟಿತು. ಮಗಳು ಅದಕ್ಕೆಂದು ಸೊಂಟ ಬಗ್ಗಿಸಿ ಕೈ ಚಾಚಿದಳು. ಹಲಗೆ ಓಲಾಡಿತು. ಅವಳ ತಲೆ ಹಲಗೆಯಿಂದ ಆಚೆ ಬಂತು, ಹಿಂದೆಯೇ ಭುಜ ಬಂತು. ಗಾರೆಯವನು ಕರಣೆ ಬಿಸಾಕಿ ಅವಳ ಅಂಗಿಯನ್ನು ಬೆನ್ನ ಮೇಲೆ ಹಿಡಿದ. ಇಟ್ಟಿಗೆ ಕೆಳಗೆ ಬಿದ್ದು ಎರಡಾಯಿತು. ಇಟ್ಟಿಗೆಯಕ್ಕ ನಿಂತಲ್ಲೇ ಕುಸಿದಳು.

ಕೂತಲ್ಲಿಂದಲೇ, “ಇಳಿ,” ಎಂದಳು. “ಇಳಿದು ಬಾ ಕೆಳಗೆ.”

“ಇಳಿಯಲ್ಲ. ನೀನು ಸರಿಯಾಗಿ ಎಸಿ. ಮೂರು ದಿನದಿಂದ ಬಗ್ಗಿ ಬಗ್ಗಿ ಸೊಂಟ ಬಿದ್ದೋಗಿದೆ ನಂಗೆ.”

“ಜೋರಾಗಿ ಬಂದ್ರೆ ಏನಾಗತ್ತೆ ಅಂತ ನಿಮ್ಮತ್ತೇನ ಕೇಳು.”

ನಾದಿನಿ ಸಲಿಕೆಯನ್ನು ಗಾರೆಯಲ್ಲಿ ಚುಚ್ಚಿ ನಿಲ್ಲಿಸಿದಳು. ಕೈಯನ್ನು ಸೀರೆಗೆ ಒರೆಸಿಕೊಂಡಳು, ಒರೆಸುತ್ತಲೇ ಇದ್ದಳು.

“ಅವತ್ತು ಜೋರಾಗಿ ಬಂದಿರ್ಲಿಲ್ಲ, ಅತ್ತಿಗೆ,” ಎಂದಳು. “ಸರಿಯಾಗೇ ಬರ್ತಿತ್ತು. ನಾನೇ ಪಕ್ಕದವಳ ಜೊತೆ ನಗ್ತಾ, ನೋಡದೆ ಬಗ್ಗಿದೆ. ಓಡೋ ಇಟ್ಟಿಗೆ ಮುಂದೆ ಮುಖ ಇಟ್ಟೆ. ನೆಟ್ಟಗೆ ನಿಂತಿದ್ರೆ ಅದು ಎದೆ ಮುಂದೆ ಬಂದು ನಿಲ್ತಿತ್ತು. ಆಗ ನಿಜ ಹೇಳಿದ್ದಿದ್ರೆ ಅಣ್ಣ ನನ್ನ ಕೆಲಸಾನೇ ಬಿಡಿಸ್ತಿದ್ದ.”

“ಹನ್ನೆರಡು ವರ್ಷ,” ಎಂದಳು ಇಟ್ಟಿಗೆಯಕ್ಕ.

“ಹೂಂ.”

ಆ ಮಾತಿನ ಜೊತೆಗೇ ಅವಳಿಗೆ ಇನ್ನೊಂದು ಹೊಳೆದಿತ್ತು. ಬಗ್ಗಿದ್ದಕ್ಕೆ ನಾದಿನಿಯ ಹಲ್ಲು ಹೋದವು. ಮಗಳನ್ನು ಮೂರು ದಿನದಿಂದ ಬಗ್ಗಿಸುತ್ತಿರುವವಳು ತಾನೇ.

ಅವಳು ಎದ್ದು ಒಂದು ಇಟ್ಟಿಗೆ ಎತ್ತಿಕೊಂಡಳು. “ಬಗ್ಗಬೇಡ. ಬಂದ್ರೆ ಹಿಡಿ, ಬರದಿದ್ರೆ ಬಿಡು, ಬೀಳ್ಲಿ,” ಎಂದಳು. ಉಸಿರು ಬಿಗಿಹಿಡಿದು ಹಳೆಯ ಅಳತೆಯಲ್ಲೇ, ಒಂದಿಷ್ಟೂ ಉಳಿಸಿಕೊಳ್ಳದೆ ಬಿಟ್ಟಳು. ಇಟ್ಟಿಗೆ ಹಲಗೆ ದಾಟಿತು, ಮಗಳ ಮೊಣಕಾಲು ದಾಟಿತು, ಸೊಂಟ ದಾಟಿತು. ತಾಯಿ ಕಣ್ಣು ಮುಚ್ಚಿಕೊಂಡಳು. ಮೇಲೆ ಅಂಗೈಗಳು ಮೆತ್ತಗೆ ಸದ್ದು ಮಾಡಿದವು.

“ಹಿಂಗೆ,” ಎಂದಳು ಮಗಳು. “ಇನ್ನೊಂದು ಕೊಡು.”

ಆಮೇಲೆ ನಾಲ್ಕು ವರ್ಷ ತಾಯಿ ಎಸೆದಳು, ಮಗಳು ಹಿಡಿದಳು. ಯಾರಿಗೂ ಗಾಯವಾಗಲಿಲ್ಲ. ಹೆದರಿಕೆ ಮಾತ್ರ ಒಂದು ದಿನವೂ ಕಡಿಮೆಯಾಗಲಿಲ್ಲ. ಪ್ರತಿ ಇಟ್ಟಿಗೆಗೂ, ಕೈಬಿಟ್ಟಲ್ಲಿಂದ ಅಂಗೈಯ ಸದ್ದು ಕೇಳುವ ತನಕ ಅವಳು ಉಸಿರಾಡುತ್ತಿರಲಿಲ್ಲ.