ಆ ಮನೆಯ ಒಂದು ನಿಮಿಷ

ದೆವ್ವ, ಶಕುನ, ಸೂಚನೆ ಎಂದು ಯಾರಾದರೂ ಶುರು ಮಾಡಿದರೆ ಮೊದಲು ನಗುವವಳು ನಾನೇ. ಹೊಟ್ಟೆಪಾಡೇ ಸದ್ದಿನದು, ಸಾಕ್ಷ್ಯಚಿತ್ರಗಳಿಗೆ ಧ್ವನಿಮುದ್ರಣ ಮಾಡುತ್ತೇನೆ. ‘ಏನೋ ಸದ್ದಾಯಿತಲ್ಲ’ ಎಂದು ಯಾರಾದರೂ ಹೆದರಿದರೆ ಅದು ಫ್ರಿಜ್ಜೋ, ನೀರಿನ ಪೈಪೋ, ಪಕ್ಕದ ಮನೆಯ ಮಿಕ್ಸರೋ ಎಂದು ಹುಡುಕಿ ತೋರಿಸುವವರೆಗೆ ನನಗೆ ಸಮಾಧಾನವಿಲ್ಲ. ಈಗ ಬರೆಯುತ್ತಿರುವುದನ್ನು ಬೇರೆ ಯಾರಾದರೂ ಹೇಳಿದ್ದರೆ ನಾನು ನಂಬುತ್ತಿರಲಿಲ್ಲ. ನೀವು ನಂಬಲೇಬೇಕೆಂಬ ಹಟವೂ ಇಲ್ಲ. ಇಂಥ ಕಥೆಗೆ ಸರಿರಾತ್ರಿ ಬೇಕಂತೆ. ನನಗಾದದ್ದು ಹಾಡುಹಗಲು, ಊಟದ ಹೊತ್ತಿಗೆ.

ಕೆಲವು ವರ್ಷಗಳ ಹಿಂದೆ ನಾನಿರುವ ಮರಾಠಿ ಊರಿನ ಕೊಂಢವಾ ಎಂಬ ಬಡಾವಣೆಯಲ್ಲಿ ಒಂದು ಓಣಿಗೆ ಪಕ್ಕದ ಹಳ್ಳ ನುಗ್ಗಿತ್ತು. ನೆರೆ ಇಳಿದು ಎಷ್ಟೋ ತಿಂಗಳಾದ ಮೇಲೆ ನನ್ನ ಗೆಳತಿ ಮಧುರಾ ಆ ಓಣಿಯವರ ಜೊತೆ ಸೇರಿ ಒಂದು ಚಿತ್ರ ಮಾಡಲು ಹೊರಟಳು. ಅವಳ ರೀತಿಯೇ ಬೇರೆ. ಕ್ಯಾಮೆರಾವನ್ನು ಓಣಿಯವರ ಕೈಗೇ ಕೊಡುತ್ತಾಳೆ. ತೆಗೆದದ್ದನ್ನು ಮೊದಲು ಅವರಿಗೇ ತೋರಿಸುತ್ತಾಳೆ, ಅವರು ಬೇಡವೆಂದದ್ದನ್ನು ಕಿತ್ತು ಹಾಕುತ್ತಾಳೆ. ಅನುಭವಿಸಿದ್ದನ್ನು ತಾವೇ ಕೂತು ಜೋಡಿಸಿದರೆ ಮನಸ್ಸು ಒಂದು ಹಿಡಿತಕ್ಕೆ ಬರುತ್ತದೆ ಎಂಬುದು ಅವಳ ನಂಬಿಕೆ. ನನಗೆ ಅಷ್ಟೇನೂ ಭರವಸೆಯಿರಲಿಲ್ಲ. ಆದರೆ ಮೋಡ ಕಪ್ಪಾದರೆ ಸಾಕು, ಮಕ್ಕಳನ್ನು ಎತ್ತಿಕೊಂಡು ಮಹಡಿಗೆ ಓಡುತ್ತಿದ್ದ ಹೆಂಗಸರು ಕ್ಯಾಮೆರಾ ಎಲ್ಲಿಡಬೇಕೆಂದು ಜಗಳಕ್ಕೆ ನಿಂತದ್ದನ್ನು ನೋಡಿದ ಮೇಲೆ ಬಾಯಿ ಮುಚ್ಚಿಕೊಂಡೆ.

ನಮ್ಮ ಕೆಲಸದಲ್ಲಿ ಒಂದು ಪದ್ಧತಿಯಿದೆ. ಒಂದು ಜಾಗದ ಚಿತ್ರೀಕರಣ ಮುಗಿದ ಮೇಲೆ ಎಲ್ಲರನ್ನೂ ಒಂದು ನಿಮಿಷ ಸುಮ್ಮನಿರಿಸಿ, ಆ ಜಾಗದ ಬರೀ ಸದ್ದನ್ನು ಹಿಡಿದುಕೊಳ್ಳುತ್ತೇವೆ. ಮುಂದೆ ಮಾತು ಮಾತಿನ ನಡುವೆ ತೇಪೆ ಹಾಕಲು ಅದು ಬೇಕು. ಮೊದಲ ದಿನ ನಾನು ‘ಒಂದು ನಿಮಿಷ ಯಾರೂ ಮಾತಾಡಬೇಡಿ’ ಎಂದ ಕೂಡಲೇ ಓಣಿಯವರೆಲ್ಲ ಎದ್ದು ನಿಂತು, ಕಣ್ಣು ಮುಚ್ಚಿ ಕೈ ಮುಗಿದರು. ನೀರಿನಲ್ಲಿ ಹೋದವರಿಗೆ ಶ್ರದ್ಧಾಂಜಲಿ ಎಂದುಕೊಂಡಿದ್ದರು! ಅದನ್ನು ತಿದ್ದುವ ಮನಸ್ಸು ನನಗಾಗಲಿಲ್ಲ. ಆಮೇಲೆ ಅವರೇ ‘ಮೌನ ಯಾವಾಗ?’ ಎಂದು ಕೇಳತೊಡಗಿದರು.

ಒಬ್ಬರು ಮಾತ್ರ ಆ ನಿಮಿಷ ಬಂತೆಂದರೆ ಎದ್ದು ಹೊರಗೆ ಹೋಗಿಬಿಡುತ್ತಿದ್ದರು. ಸುಮಿತ್ರಾಬಾಯಿ ಅಂತ, ವಿಜಯಪುರದ ಕಡೆಯವರು. ಗಂಡ ಹಿಟ್ಟಿನ ಗಿರಣಿ ನಡೆಸುತ್ತಿದ್ದರು. ನೀರು ಏರಿದಾಗ ಗಿರಣಿಯ ಮೋಟಾರು ಎತ್ತಿಡಲೆಂದು ಹೋದವರು ತಿರುಗಿ ಬರಲಿಲ್ಲ, ದೇಹವೂ ಸಿಗಲಿಲ್ಲ. ‘ಬಾಯಾರ, ಯಾಕೆ ಎದ್ದು ಹೋಗ್ತೀರಿ?’ ಎಂದು ಒಮ್ಮೆ ಕೇಳಿದೆ.

“ನಮ್ಮ ಮನ್ಯಾಗ ಸತ್ತವರು ಯಾರೂ ಇಲ್ರಿ. ನಾ ಯಾಕ ಕೈ ಮುಗದು ನಿಂದರ್ಲಿ?” ಎಂದರು.

ಅವರ ಮನೆ ಹಳ್ಳದ ದಂಡೆಗೇ ಇತ್ತು. ಹಿಂದಿನ ಗೋಡೆಯಲ್ಲಿ ಕೈ ತೂರುವಷ್ಟು ಬಿರುಕು. ಮಳೆಗಾಲ ಹತ್ತಿರ ಬಂದಿತ್ತು. ಪಾಲಿಕೆಯವರು ಮನೆ ಬಿಡಿ ಎಂದು ಹೇಳಿ ಹೋಗಿದ್ದರು. ದೌಂಡ ಎಂಬ ಊರಲ್ಲಿ ರೈಲ್ವೆ ನೌಕರನನ್ನು ಮದುವೆಯಾಗಿದ್ದ ಮಗಳು ರೇಖಾ ದಿನಾ ಫೋನ್ ಮಾಡಿ ಅಳುತ್ತಿದ್ದಳು. ಸುಮಿತ್ರಾಬಾಯಿಯದು ಒಂದೇ ಉತ್ತರ: “ಅವರು ಬಂದ್ರ ಬಾಗಲಾ ಯಾರು ತಗೀಬೇಕು?” ಒಂದು ದೊಡ್ಡ ಮಳೆ ಸಾಕು, ಈ ಹೆಂಗಸು ಗೋಡೆಯ ಕೆಳಗೇ ಹೋಗುತ್ತಾಳೆ ಎಂದು ನನಗೆ ಒಳಗೊಳಗೇ ದಿಗಿಲು. ಮನೆಗೆ ಬಂದು ಮಲಗಿದರೂ ಆ ಬಿರುಕೇ ಕಣ್ಣ ಮುಂದೆ ಬರುತ್ತಿತ್ತು.

ಕೊನೆಗೆ ಅವರ ಮನೆಯಲ್ಲಿ ಚಿತ್ರೀಕರಣದ ದಿನ ಬಂತು. ಬೆಳಗಿನಿಂದ ಗಂಡನ ವಿಷಯವನ್ನು ನಗುನಗುತ್ತಲೇ ಹೇಳಿದರು. ಜೋಳ ಬೀಸಿದರೆ ಸೀನು ಬರುತ್ತಿದ್ದದ್ದು, ಕೊಲ್ಹಾಪುರಿ ಚಪ್ಪಲಿ ಬಿಟ್ಟು ಬೇರೆ ಮೆಟ್ಟದಿದ್ದದ್ದು. ಕೆಲಸ ಮುಗಿಯಿತು. ಇನ್ನುಳಿದದ್ದು ಆ ನಿಮಿಷ. ಅವರು ಏಳಹೊರಟಾಗ ನಾನು ತಡೆದೆ. “ಇದು ಸತ್ತವರಿಗಲ್ರಿ ಬಾಯಾರ. ನಿಮ್ಮ ಮನಿ ಸಪ್ಪಳಾ ಹಿಡೀಲಿಕ್ಕೆ ಅಷ್ಟ. ಫ್ಯಾನು, ನಳ, ಹೊರಗಿನ ರಸ್ತೆ, ಅಷ್ಟ” ಎಂದೆ. ಸ್ವಲ್ಪ ಹೊತ್ತು ನನ್ನ ಮುಖವನ್ನೇ ನೋಡಿ, “ಹಂಗಾದ್ರ ಕೂಡ್ತೀನಿ” ಎಂದು ಗೋಡೆಗೊರಗಿ ಕೂತರು. ಕಣ್ಣು ಮುಚ್ಚಲಿಲ್ಲ.

ಹೆಡ್‌ಫೋನ್ ಹಾಕಿಕೊಂಡು ನೆಲದ ಮೇಲೆ ಕೂತು ಮುದ್ರಣ ಶುರು ಮಾಡಿದೆ. ಮಧುರಾ ಬಾಗಿಲ ಬಳಿ ನಿಂತಿದ್ದಳು. ಒಳಗಿದ್ದದ್ದು ನಾವು ಮೂವರೇ. ಫ್ಯಾನಿನ ಸದ್ದು ಬಂತು, ನಳದ ಹನಿ ಬಂತು, ದೂರದಲ್ಲಿ ಒಂದು ರಿಕ್ಷಾ ಹೋಯಿತು. ಆಮೇಲೆ ಮೂಲೆಯಲ್ಲಿದ್ದ ಮಂಚ ಕಿರುಗುಟ್ಟಿತು. ದಣಿದ ಮನುಷ್ಯ ಮೊಣಕಾಲಿಗೆ ಕೈಕೊಟ್ಟು ಏಳುವಾಗ ‘ಉಸ್’ ಎನ್ನುತ್ತಾನಲ್ಲ, ಅದು ಕೇಳಿಸಿತು. ಬರಿಗಾಲಿನ ಹೆಜ್ಜೆ ನೆಲ ಸವರುತ್ತ ಬಾಗಿಲತನಕ ಹೋಯಿತು. ಹೊಸ್ತಿಲಾಚೆ ಚಪ್ಪಲಿ ಮೆಟ್ಟಿದ ಸದ್ದು, ಆಮೇಲೆ ಚರ್ಮದ ಕರಕರ ಮೆಟ್ಟಿಲಿಳಿದು ಸಣ್ಣದಾಯಿತು. ಮಂಚದ ಮೇಲೆ ಯಾರೂ ಇರಲಿಲ್ಲ. ಬಾಗಿಲಲ್ಲಿ ಮಧುರಾ ನಿಂತೇ ಇದ್ದಳು, ಅವಳ ರೆಪ್ಪೆಯೂ ಅಲುಗಲಿಲ್ಲ. ಸುಳ್ಳೇಕೆ, ಎದ್ದು ಓಡಬೇಕೆನಿಸಿತು.

ಸುಮಿತ್ರಾಬಾಯಿ ಬಾಗಿಲನ್ನೇ ನೋಡುತ್ತಿದ್ದರು. “ಅಕ್ಕಾರ, ನೀವೂ ಕೇಳಿದ್ರಿ ಅಲ್ಲ?” ಎಂದರು.

ಮರಾಠಿಯವಳಾದ ಮಧುರಾಗೆ ಕನ್ನಡ ತಿಳಿಯದು, ಆದರೂ ಏನೋ ಆಗಿದೆಯೆಂದು ತಿಳಿದು ನನ್ನ ಕಡೆ ನೋಡಿದಳು. ಕೇಳಲಿಲ್ಲ ಎಂದರೆ ಸುಳ್ಳು. ಕೇಳಿದೆ ಎಂದರೆ, ಗಂಡ ಬಂದಿದ್ದಾನೆಂದು ಈಕೆ ಇನ್ನೆಂದೂ ಈ ಮನೆ ಬಿಡುವುದಿಲ್ಲ. “ಕೇಳಿದೆ” ಎಂದುಬಿಟ್ಟೆ.

“ಖರೇ ಹೇಳ್ರಿ. ಒಳಗ ಬಂದದ್ದೋ, ಹೊರಗ ಹೋದದ್ದೋ?”

ಅವರು ಹೀಗೆ ಕೇಳುತ್ತಾರೆಂದು ನಾನು ಎಣಿಸಿರಲೇ ಇಲ್ಲ. ಕೇಳಿದ್ದನ್ನೇ ಹೇಳಿದೆ. “ಹೊರಗ ಹೋದದ್ರಿ.”

ಅವರು ಸೆರಗಿನಿಂದ ಮುಖ ಒರಸಿಕೊಂಡು, “ನನಗೂ ಹಂಗ ಕೇಳಸ್ತು. ಯಾವತ್ತೂ ‘ಬರ್ತೀನಿ’ ಅಂತ ಹೇಳೇ ಹೊರಗ ಕಾಲಿಡ್ತಿದ್ರು. ಆವತ್ತು ನೀರಾಗ ಹೋಗೂಮುಂದನೂ ಹೇಳಿದ್ರು. ಅದಕ್ಕ ಕಾಯ್ಕೋತ ಕೂತೆ. ಇವತ್ತು ಹೇಳಲಿಲ್ಲ ನೋಡ್ರಿ” ಎಂದರು. ಹಾಗೆಂದವರೇ ಜೋರಾಗಿ ಅತ್ತರು. ಓಣಿಯವರು ಅವರ ಅಳು ಕೇಳಿದ್ದು ಅದೇ ಮೊದಲಂತೆ. ಅಕ್ಕಪಕ್ಕದ ಹೆಂಗಸರೆಲ್ಲ ಓಡಿ ಬಂದರು. ಸಂಜೆ ಅವರೇ ರೇಖಾಳಿಗೆ ಫೋನ್ ಮಾಡಿ, ಬಂದು ಕರಕೊಂಡು ಹೋಗು ಎಂದರು.

ಅಂದೇ ಆ ಮುದ್ರಣವನ್ನು ಮತ್ತೆ ಮತ್ತೆ ಹಾಕಿ ಕೇಳಿದೆ. ಫ್ಯಾನು ಇದೆ, ನಳವಿದೆ, ರಿಕ್ಷಾ ಇದೆ. ಬೇರೇನೂ ಇಲ್ಲ. ಮಧುರಾಗೂ ಹಾಕಿ ತೋರಿಸಿದೆ, ಏನೂ ಇಲ್ಲವೆಂದು ಅವಳು ತಲೆಯಲ್ಲಾಡಿಸಿದಳು. ಹಾಗಾದರೆ ನನಗೆ ಕೇಳಿಸಿದ್ದೇನು? ಹೆಡ್‌ಫೋನ್ ಇಲ್ಲದ ಸುಮಿತ್ರಾಬಾಯಿಗೂ ಅದೇ ಕೇಳಿದ್ದು ಹೇಗೆ? ಆಕೆ ಪಾರಾಗಲೆಂಬ ನನ್ನ ಆಸೆಯೇ ಕಿವಿಯಲ್ಲಿ ಸದ್ದಾಯಿತು ಎಂದು ಒಬ್ಬ ವೈದ್ಯ ಸ್ನೇಹಿತರು ಹೇಳಿದರು. ಇರಬಹುದು. ಸುಮಿತ್ರಾಬಾಯಿ ಈಗ ದೌಂಡದಲ್ಲಿ ಚೆನ್ನಾಗಿದ್ದಾರೆ. ಕೊಂಢವಾದ ಆ ಮನೆ ಮಾತ್ರ ಬೀಳಲೇ ಇಲ್ಲ, ಬೀಗ ಹಾಕಿಕೊಂಡು ಇನ್ನೂ ನಿಂತಿದೆ.

ಎಲ್ಲರೂ ಇದನ್ನು ಒಳ್ಳೆಯ ಕಥೆ ಎನ್ನುತ್ತಾರೆ. ನನಗೆ ಮಾತ್ರ ಇಂದಿಗೂ ನೆಮ್ಮದಿಯಿಲ್ಲ. ಆಕೆಯ ಗಂಡ ಮಂಚದಿಂದೆದ್ದು ಹೊರಗೆ ಹೋದದ್ದನ್ನು ನನ್ನ ಕಿವಿಯಾರೆ ಕೇಳಿದೆ, ಅದರಲ್ಲಿ ಅನುಮಾನವಿಲ್ಲ. ಆದರೆ ಆ ದಿನ ಬೆಳಗಿನಿಂದ ಚಹ ಕುಡಿಯುತ್ತ, ವೈರು ಸುತ್ತುತ್ತ, ನಗುತ್ತ ನಾನು ಅದೇ ಮಂಚದ ಮೇಲೆ ಕೂತಿದ್ದೆ.